ಲಿಯೋನಿನ ಸಂಗಮವೂ ಸಾವನದುರ್ಗದ ಮಾರ್ದನಿಯೂ

ದೇಶಾಂತರ ಹೋಗಿ ಬಂದವರು ತಾವು ಕಂಡ ಹೊಸ ಸಂಗತಿಗಳನ್ನು ಹೇಳುವುದು ರೂಢಿ. ನಾವಾದರೋ ಸುಮಾರು ಐದು ಸಾವಿರ ಮೈಲಿ ದೂರ ಹೋಗಿ ನಮ್ಮ ಊರ ಬೆಟ್ಟದ ಸಂಗತಿಯನ್ನೇ ತಿಳಿದುಕೊಂಡು ಬಂದೆವು. ಹುಟ್ಟಿದಂದಿನಿಂದ ಸಾವನದುರ್ಗದ ನೆರಳಿನಲ್ಲಿ ಬೆಳೆದು, ಅದರ ಸುತ್ತಮುತ್ತಲ ಶಾಲೆಗಳಲ್ಲಿ ಮೂವತ್ತೈದು ವರ್ಷ ಮಕ್ಕಳಿಗೆ ಶಬ್ದರೂಪಗಳನ್ನು ಉರು ಹೊಡೆಯಿಸಿದ ನಮಗೆ, ಆ ಬೆಟ್ಟದ ಚಿತ್ರಕ್ಕೆ ಸಂಗೀತವನ್ನು ಕೊಟ್ಟ ಮಹನೀಯನೊಬ್ಬನಿದ್ದನೆಂಬುದೂ, ಆತನು ಫ್ರಾನ್ಸ್ ದೇಶದ ಲಿಯೋನ್ ನಗರದವನೆಂಬುದೂ ಗೊತ್ತಿರಲಿಲ್ಲ. ಇದನ್ನು ನಮಗೆ ತಿಳಿಸಿಕೊಟ್ಟವನು ನಮ್ಮ ಕಿರಿಯ ಮಗ. ಅವನಿಗೆ ಬುದ್ಧಿ ಹೇಳುವುದಕ್ಕೆಂದೇ ನಾವು ಅಲ್ಲಿಗೆ ಹೋಗಿದ್ದೆವು.

ಪ್ರಯಾಣದ ಕಾರಣವನ್ನು ವಾಚಕರಿಂದ ಮುಚ್ಚಿಡುವುದು ಯುಕ್ತವಲ್ಲ. ಹುಡುಗನು ಗಣಕಯಂತ್ರ ಶಾಸ್ತ್ರದಲ್ಲಿ ಉಚ್ಚ ವ್ಯಾಸಂಗಕ್ಕಾಗಿ ಲಿಯೋನಿಗೆ ಹೋಗಿ ಒಂದು ವರ್ಷವಾಗಿತ್ತು. ಮನೆಯ ಪತ್ರವನ್ನು ಅಡವಿಟ್ಟು ಸಾಲ ತೆಗೆದು ಕಳುಹಿಸಿದ್ದೆವು. ವಾರಕ್ಕೊಮ್ಮೆ ತಪ್ಪದೆ ದೂರವಾಣಿಯಲ್ಲಿ ಮಾತನಾಡುತ್ತಿದ್ದ ಹುಡುಗನಿಂದ ಒಂದು ದಿನ ಕಾಗದವೇ ಬಂದಿತು. ಬಾಯಲ್ಲಿ ಹೇಳಲಾರದ ಮಾತು ಏನೋ ಇರಬೇಕೆಂದು ನಮ್ಮ ಮನೆಯವರು ಒಡೆಯುವುದಕ್ಕೆ ಮುಂಚೆಯೇ ಊಹಿಸಿದರು. ಊಹೆ ಸುಳ್ಳಾಗಲಿಲ್ಲ. ಯಂತ್ರಶಾಸ್ತ್ರದಲ್ಲಿ ತನ್ನ ಮನಸ್ಸು ನಿಲ್ಲುತ್ತಿಲ್ಲವೆಂದೂ, ಅದನ್ನು ಬಿಟ್ಟು ಚಲಚ್ಚಿತ್ರಗಳ ಧ್ವನಿ ಮತ್ತು ಸಂಗೀತವನ್ನು ಕಲಿಯುವ ಅಪೇಕ್ಷೆಯೆಂದೂ ಬರೆದಿದ್ದನು. ನಾವು ಎರಡು ದಿನ ಊಟ ರುಚಿಸದೆ ಕುಳಿತೆವು. ಮೂರನೆಯ ದಿನ ಮನೆಯವರು, "ಹೋಗಿ ಮಾತನಾಡಿ ಬನ್ನಿ. ಬೈದು ಬರಬೇಡಿ" ಎಂದರು. ಅವರಿಗೆ ಮಂಡಿನೋವು, ದೂರ ಪ್ರಯಾಣ ಆಗದು. ಆಷಾಢದಲ್ಲಿ ಹೊರಡುವುದೇ ಎಂದು ನೆರೆಯವರು ಆಕ್ಷೇಪಿಸಿದರೂ ಕೇಳದೆ, ಬೈಯುವುದಿಲ್ಲವೆಂದು ಮಾತು ಕೊಟ್ಟು, ಒಬ್ಬರೇ ಹೊರಟೆವು.

ಲಿಯೋನ್ ಎರಡು ನದಿಗಳ ಊರು. ಆಲ್ಪ್ಸ್ ಪರ್ವತಗಳಿಂದ ಇಳಿದು ಬರುವ ರೋನ್ ನದಿಯು ವೇಗವುಳ್ಳದ್ದು. ಉತ್ತರದಿಂದ ಬರುವ ಸೋನ್ ನದಿಯು ಮಂದಗಮನೆ. ಇವೆರಡೂ ಊರಿನ ತೆಂಕಣ ಕೊನೆಯಲ್ಲಿ ಕೂಡುತ್ತವೆ. ಸೋನ್ ನದಿಯ ಪಶ್ಚಿಮಕ್ಕೆ ಫೂರ್ವಿಯೇರ್ ಎಂಬ ಗುಡ್ಡ. ರೋಮನರು ಕ್ರಿಸ್ತಪೂರ್ವ 43ರಲ್ಲಿ ತಮ್ಮ ಪಟ್ಟಣವನ್ನು ಸ್ಥಾಪಿಸಿದುದು ಅಲ್ಲಿಯೇ. ಅವರು ಕಟ್ಟಿದ ನಾಟಕಶಾಲೆಯ ಕಲ್ಲು ಮೆಟ್ಟಿಲುಗಳು ಗುಡ್ಡದ ಇಳಿಜಾರಿನಲ್ಲಿ ಅರ್ಧಚಂದ್ರಾಕಾರವಾಗಿ ಇಂದಿಗೂ ನಿಂತಿವೆ. ಬೇಸಗೆಯ ರಾತ್ರಿಗಳಲ್ಲಿ ಅಲ್ಲಿ ಸಂಗೀತವೂ ನಾಟಕವೂ ನಡೆಯುತ್ತವೆ. ಎರಡು ಸಾವಿರ ವರ್ಷಗಳ ಹಿಂದಿನ ಕಲ್ಲಿನ ಮೇಲೆ ಕುಳಿತು ನಮ್ಮ ಹುಡುಗನ ಮುಖವನ್ನು ನೋಡಿದೆವು. ಒಂದು ವರ್ಷದಲ್ಲಿ ಬಡವಾಗಿದ್ದನು. ಬಂದ ಕೆಲಸದ ಪ್ರಸ್ತಾಪವನ್ನು ಅವನೂ ಎತ್ತಲಿಲ್ಲ, ನಾವೂ ಎತ್ತಲಿಲ್ಲ.

ಮರುದಿನ ಕ್ರ್ವಾ-ರೂಸ್ ಎಂಬ ಇನ್ನೊಂದು ಗುಡ್ಡಕ್ಕೆ ಕರೆದುಕೊಂಡು ಹೋದನು. ಅದು ರೇಷ್ಮೆ ನೇಯುವವರ ಗುಡ್ಡ. ನಮ್ಮ ರಾಮನಗರದ ಗೂಡಿನ ಮಾರುಕಟ್ಟೆಯನ್ನೂ, ಬುಟ್ಟಿಗಳಲ್ಲಿ ಹಳದಿ ಗೂಡುಗಳನ್ನು ತಂದು ಸುರಿಯುವ ರೈತರನ್ನೂ ನೋಡಿ ಬೆಳೆದ ನಮಗೆ ಈ ಊರು ಒಮ್ಮೆಗೇ ಹತ್ತಿರವಾಯಿತು. 1804ರಲ್ಲಿ ಜಕಾರ್ ಎಂಬ ಲಿಯೋನಿನವನು, ತೂತು ಹೊಡೆದ ರಟ್ಟುಗಳ ಸಾಲಿನಿಂದ ಮಗ್ಗಕ್ಕೆ ಚಿತ್ತಾರವನ್ನು ಹೇಳಿಕೊಡುವ ಉಪಾಯವನ್ನು ಪರಿಷ್ಕರಿಸಿದನು. ಆ ಮಗ್ಗಗಳು ಬಹಳ ಎತ್ತರವಾದವು. ಅವು ಹಿಡಿಸಲೆಂದು ಇಲ್ಲಿಯ ಮನೆಗಳ ಚಾವಣಿಯನ್ನು ಎರಡಾಳಿಗೂ ಮಿಗಿಲಾದ ಎತ್ತರಕ್ಕೆ ಕಟ್ಟಿದ್ದಾರೆ. ಬೀದಿಯಿಂದ ಬೀದಿಗೆ ಮನೆಗಳ ಒಳಗಿಂದಲೇ ಹಾಯುವ ಓಣಿಗಳಿವೆ. ಕೂಲಿ ಸಾಲದೆ ನೇಕಾರರು 1831ರಲ್ಲಿಯೂ 1834ರಲ್ಲಿಯೂ ದಂಗೆ ಎದ್ದುದು ಈ ಓಣಿಗಳಲ್ಲಿಯೇ. ಮಗ್ಗದ ರಟ್ಟನ್ನು ತೋರಿಸಿ ಹುಡುಗನು, "ಅಪ್ಪ, ನಾನು ಓದುತ್ತಿರುವ ಗಣಕಯಂತ್ರದ ಮುತ್ತಜ್ಜ ಇದು. ಈ ತೂತುಗಳೇ ಮೊದಲ ಅಪ್ಪಣೆಗಳು" ಎಂದನು. "ಇಷ್ಟು ಚೆನ್ನಾಗಿ ತಿಳಿದವನು ಅದನ್ನು ಬಿಡುವುದೇಕೆ?" ಎಂಬ ಮಾತು ನಮ್ಮ ನಾಲಗೆಯ ತುದಿಗೆ ಬಂದು ನಿಂತಿತು. ಮನೆಯವರಿಗೆ ಕೊಟ್ಟ ಮಾತು ನೆನಪಾಗಿ ನುಂಗಿಕೊಂಡೆವು.

ಮೂರನೆಯ ದಿನ ಮೋಂಪ್ಲೆಸೀರ್ ಎಂಬ ಬಡಾವಣೆಗೆ ಹೋದೆವು. ಅಲ್ಲಿ ಒಂದು ಬೀದಿಯ ಹೆಸರೇ 'ಮೊದಲ ಚಿತ್ರದ ಬೀದಿ'. ಛಾಯಾಚಿತ್ರದ ಫಲಕಗಳನ್ನು ತಯಾರಿಸುತ್ತಿದ್ದ ಲ್ಯೂಮಿಯೇರ್ ಮನೆತನದ ಕಾರ್ಖಾನೆ ಇದ್ದುದು ಈ ಬೀದಿಯಲ್ಲಿ. ಅಣ್ಣತಮ್ಮಂದಿರಾದ ಓಗ್ಯೂಸ್ತ್ ಮತ್ತು ಲೂಯಿ ಲ್ಯೂಮಿಯೇರರು 1895ರಲ್ಲಿ ತಮ್ಮ ಕಾರ್ಖಾನೆಯ ಬಾಗಿಲಿನಿಂದ ಕೂಲಿಯಾಳುಗಳು ಹೊರಗೆ ಬರುವುದನ್ನು ತಮ್ಮ ಹೊಸ ಯಂತ್ರದಲ್ಲಿ ಹಿಡಿದರು. ಚಿತ್ರವು ಒಂದು ನಿಮಿಷಕ್ಕೂ ಕಡಮೆ. ಆ ವರ್ಷದ ಡಿಸೆಂಬರ್ 28ರಂದು ಪ್ಯಾರಿಸಿನಲ್ಲಿ ಹಣ ಕೊಟ್ಟು ಬಂದ ಜನರಿಗೆ ತೋರಿಸಿದರು. 1896ನೆಯ ಜುಲೈ 7ರಂದು ಅವರ ಚಿತ್ರಗಳು ಬೊಂಬಾಯಿಗೂ ಬಂದವು. ಲ್ಯೂಮಿಯೇರರ ಭವ್ಯವಾದ ಮನೆಯೇ ಈಗ ವಸ್ತುಸಂಗ್ರಹಶಾಲೆ. ಆ ಆಳುಗಳು ಹೊರಗೆ ಬಂದ ಕೊಟ್ಟಿಗೆಯನ್ನು ಉಳಿಸಿಕೊಂಡು ಅಲ್ಲಿ ಚಿತ್ರಮಂದಿರವನ್ನು ಮಾಡಿದ್ದಾರೆ.

ಆ ಚಿತ್ರವನ್ನು ನೋಡಿದೆವು. ನಿಲುವಂಗಿ ತೊಟ್ಟ ಹೆಂಗಸರು ನಗುತ್ತಾ ಬರುತ್ತಾರೆ, ನಾಯಿಯೊಂದು ಓಡುತ್ತದೆ, ಯಾವ ಶಬ್ದವೂ ಇಲ್ಲ. ನಾವು, "ಪಾಪ, ಮೂಕಪ್ರಪಂಚ" ಎಂದೆವು. ಹುಡುಗನು ಅದಕ್ಕೇ ಕಾಯುತ್ತಿದ್ದವನಂತೆ, "ಹೌದು ಅಪ್ಪ. ಚಿತ್ರ ಹುಟ್ಟಿದ ಈ ಊರಿನಲ್ಲಿಯೇ ಆ ಮೂಕತನವನ್ನು ಕಳೆದವರಲ್ಲಿ ಒಬ್ಬರೂ ಹುಟ್ಟಿದರು. ಅವರು ನಮ್ಮ ಬೆಟ್ಟಕ್ಕೂ ಸಂಬಂಧಪಟ್ಟವರು. ಅವರ ಕಥೆಯನ್ನು ಹೇಳಲೇ?" ಎಂದನು. ತನ್ನ ಕಥೆಗೆ ಪೀಠಿಕೆ ಹಾಕುತ್ತಿರುವನೆಂಬುದು ತಿಳಿಯದಷ್ಟು ದಡ್ಡರು ನಾವಲ್ಲ. ಆದರೂ ಹೇಳು ಎಂದೆವು. ಅವನು ಅಂದು ಹೇಳಿದುದನ್ನೂ ತರುವಾಯ ನಾವು ಓದಿ ತಿಳಿದುದನ್ನೂ ಕೂಡಿಸಿ ಇಲ್ಲಿ ಬರೆಯುತ್ತೇವೆ.

ಮೋರಿಸ್ ಜಾರ್ ಹುಟ್ಟಿದುದು 1924ನೆಯ ಸೆಪ್ಟೆಂಬರ್ 13ರಂದು. ತಂದೆ ಆಂದ್ರೆ ಜಾರ್ ಲಿಯೋನ್ ಆಕಾಶವಾಣಿಯಲ್ಲಿ ಯಂತ್ರವಿಭಾಗದ ಮುಖ್ಯಸ್ಥರು. ಸ್ವಾಭಾವಿಕವಾಗಿ ಮಗನೂ ಯಂತ್ರಶಾಸ್ತ್ರವನ್ನು ಕಲಿಯಲು ಪ್ಯಾರಿಸಿನ ಸಾರ್ಬಾನ್ ವಿದ್ಯಾಪೀಠವನ್ನು ಸೇರಿದನು. ಆದರೆ ಮನಸ್ಸು ಸಂಗೀತದ ಕಡೆಗೆ ಎಳೆಯಿತು. ತಂದೆಯ ಇಷ್ಟಕ್ಕೆ ವಿರೋಧವಾಗಿ ಸಾರ್ಬಾನನ್ನು ಬಿಟ್ಟು ಪ್ಯಾರಿಸಿನ ಸಂಗೀತ ವಿದ್ಯಾಲಯಕ್ಕೆ ಹೋದನು. ಅಲ್ಲಿ ಪಿಟೀಲನ್ನಾಗಲಿ ಪಿಯಾನೋವನ್ನಾಗಲಿ ಆರಿಸಿಕೊಂಡನೇ? ಇಲ್ಲ, ಬಡಿದು ನುಡಿಸುವ ವಾದ್ಯಗಳನ್ನು ಆರಿಸಿಕೊಂಡನು. ಭರತಮುನಿಯು ವಾದ್ಯಗಳನ್ನು ತತ, ಸುಷಿರ, ಅವನದ್ಧ, ಘನ ಎಂದು ನಾಲ್ಕು ಬಗೆಯಾಗಿ ವಿಂಗಡಿಸಿದ್ದಾನಷ್ಟೆ. ತಂತಿಯವು ತತ, ಊದುವವು ಸುಷಿರ, ತೊಗಲು ಬಿಗಿದವು ಅವನದ್ಧ, ತಾಳದಂತಹವು ಘನ. ಈ ಹುಡುಗನ ಪಾಲಿಗೆ ಕೊನೆಯ ಎರಡು ಬಂದವು.

ಇಲ್ಲಿಗೆ ಹುಡುಗನು ಮಾತು ನಿಲ್ಲಿಸಿ ನೆಲವನ್ನು ನೋಡಿದನು. ನಾವೂ ನೆಲವನ್ನು ನೋಡಿದೆವು. ಕಾರಣವನ್ನು ಹೇಳಿಬಿಡುತ್ತೇವೆ. ಅವನು ಏಳನೆಯ ವಯಸ್ಸಿನಿಂದ ಮೃದಂಗ ಕಲಿಯುತ್ತಿದ್ದನು, ಕೈ ಚೆನ್ನಾಗಿತ್ತು. ಹತ್ತನೆಯ ತರಗತಿಯ ವರ್ಷ ಲೆಕ್ಕದಲ್ಲಿ ಅಂಕ ಕಡಮೆಯಾಯಿತೆಂದು, ನಾವೇ ಆ ಮೃದಂಗವನ್ನು ಹಳೆಯ ಪಂಚೆಯಲ್ಲಿ ಸುತ್ತಿ ಅಟ್ಟಕ್ಕೆ ಏರಿಸಿದೆವು. "ಪರೀಕ್ಷೆ ಮುಗಿಯಲಿ, ಇಳಿಸೋಣ" ಎಂದಿದ್ದೆವು. ಆ ಪರೀಕ್ಷೆ ಮುಗಿಯಿತು. ಅದರ ಹಿಂದೆ ಇನ್ನೊಂದು, ಅದರ ಹಿಂದೆ ಮತ್ತೊಂದು. ಮೃದಂಗವು ಇಳಿಯಲೇ ಇಲ್ಲ. ಅವನೂ ಕೇಳಲಿಲ್ಲ. ಕೇಳದಿದ್ದುದನ್ನು ನಾವು ಮರೆತನೆಂದು ತಿಳಿದಿದ್ದೆವು.

ಜಾರ್ ಅವರಿಗೆ ಪ್ರಿಯವಾದ ಇನ್ನೊಂದು ವಾದ್ಯವಿದ್ದಿತು. 1928ರಲ್ಲಿ ಮಾರ್ತನೊ ಎಂಬವರು ವಿದ್ಯುಚ್ಛಕ್ತಿಯಿಂದ ನುಡಿಯುವ ವಾದ್ಯವೊಂದನ್ನು ಜನರ ಮುಂದಿಟ್ಟು 'ಒಂದ್' ಎಂದು ಹೆಸರಿಟ್ಟರು. ಒಂದ್ ಎಂದರೆ ಅವರ ಭಾಷೆಯಲ್ಲಿ ತರಂಗಗಳು. ನಮ್ಮ ಜಲತರಂಗದ ಹೆಸರಿಗೆ ಸೋದರಿ. ಬೆರಳಿಗೆ ಉಂಗುರ ತೊಟ್ಟು ಪಟ್ಟಿಯ ಮೇಲೆ ಜಾರಿಸಿದರೆ ಸ್ವರದಿಂದ ಸ್ವರಕ್ಕೆ ನಡುವೆ ಎಲ್ಲಿಯೂ ಕಡಿಯದೆ ನಾದವು ಹರಿಯುತ್ತದೆ. ನಮ್ಮ ಗಮಕಕ್ಕೆ ಒಗ್ಗುವ ಗುಣವಿದು. 1930ರ ದಶಕದಲ್ಲಿ ರವೀಂದ್ರನಾಥ ಠಾಕೂರರ ಅಪೇಕ್ಷೆಯಂತೆ ನಮ್ಮ ಸೂಕ್ಷ್ಮ ಶ್ರುತಿಗಳನ್ನು ನುಡಿಸಬಲ್ಲ ಮಾದರಿಯೊಂದನ್ನೂ ಮಾರ್ತನೊ ಮಾಡಿಕೊಟ್ಟರಂತೆ. ಜಾರ್ ಅವರು ಪ್ಯಾರಿಸಿನ ಒಂದು ನಾಟಕಮಂಡಲಿಯಲ್ಲಿ ಈ ತರಂಗವಾದ್ಯವನ್ನೂ ತಾಳವಾದ್ಯಗಳನ್ನೂ ನುಡಿಸುತ್ತಾ ಜೀವನ ಸಾಗಿಸಿದರು. ಮುಂದೆ ಲೋಕಪ್ರಸಿದ್ಧರಾದ ಪಿಯೇರ್ ಬುಲೇಜ್ ಅಲ್ಲಿ ಅವರ ಜೊತೆಗಾರರು. 1951ರಲ್ಲಿ ಝಾಂ ವಿಲಾರ್ ಎಂಬ ನಾಟಕಾಚಾರ್ಯರು ತಮ್ಮ ರಾಷ್ಟ್ರೀಯ ಜನತಾ ರಂಗಶಾಲೆಯ ಸಂಗೀತವನ್ನು ಇವರಿಗೆ ಒಪ್ಪಿಸಿದರು. ಹನ್ನೆರಡು ವರ್ಷ ಆ ಕೆಲಸ. 1952ರಲ್ಲಿ ಜಾರ್ಜ್ ಫ್ರಾಂಜು ತೆಗೆದ ಕಿರುಚಿತ್ರವೊಂದಕ್ಕೆ ಸಂಗೀತ ಕೊಟ್ಟು ಚಲಚ್ಚಿತ್ರದೊಳಕ್ಕೆ ಕಾಲಿಟ್ಟರು.

ಹತ್ತು ವರ್ಷಗಳ ಮೇಲೆ ಅದೃಷ್ಟವು ಬಂದ ಬಗೆಯು ಕಾಕತಾಳೀಯ ನ್ಯಾಯಕ್ಕೆ ನಿದರ್ಶನ. ಇಂಗ್ಲೆಂಡಿನ ಡೇವಿಡ್ ಲೀನ್ ಎಂಬ ನಿರ್ದೇಶಕರು ಅರಬ್ಬೀ ಮರುಭೂಮಿಯ ಲಾರೆನ್ಸನ ಕಥೆಯನ್ನು ಚಿತ್ರಿಸುತ್ತಿದ್ದರು. ಅದಕ್ಕೆ ಸಂಗೀತ ಬರೆಯಲು ಮೊದಲು ಕೇಳಿದುದು ಖಾಚತುರಿಯನ್, ಬ್ರಿಟನ್ ಮುಂತಾದ ಘನವಿದ್ವಾಂಸರನ್ನು. ಒಬ್ಬೊಬ್ಬರಾಗಿ ಅವರು ಕೈಬಿಟ್ಟಮೇಲೆ ಎಲ್ಲ ಭಾರವೂ ಹೆಸರು ಕೇಳರಿಯದ ಜಾರ್ ಅವರ ಹೆಗಲಿಗೆ ಬಿದ್ದಿತು. ಉಳಿದಿದ್ದುದು ಸುಮಾರು ಆರು ವಾರ. ಬರೆಯಬೇಕಾದುದು ಸುಮಾರು ಎರಡು ಗಂಟೆಯ ಸಂಗೀತ. ನಿದ್ದೆಗೆಟ್ಟು ಬರೆದು ಮುಗಿಸಿದರು. ಆ ಚಿತ್ರದ ಆರಂಭದಲ್ಲಿ ತೆರೆಯ ಮೇಲೆ ಏನೂ ಕಾಣುವುದಿಲ್ಲ. ಕತ್ತಲೆಯಲ್ಲಿ ಭೇರಿಗಳು ಮೊಳಗುತ್ತವೆ. ತಂದೆಯ ಮಾತು ಮೀರಿ ಭೇರಿಯನ್ನು ಹಿಡಿದವನ ಮೊದಲ ಮಾತು ಭೇರಿಯದೇ ಆಯಿತು. ಆ ಸಂಗೀತಕ್ಕೆ 1963ರಲ್ಲಿ ಅಮೆರಿಕದ ಆಸ್ಕರ್ ಪಾರಿತೋಷಕವು ಬಂದಿತು.

ಅಂದಿನಿಂದ ಲೀನರಿಗೆ ಬೇರೆ ಸಂಗೀತಗಾರನಿಲ್ಲ. 1965ರಲ್ಲಿ ರಷ್ಯದ ಕಥೆಯಾದ 'ಡಾಕ್ಟರ್ ಝಿವಾಗೋ' ಬಂದಿತು. ನಾಯಿಕೆಗಾಗಿ ಜಾರ್ ಬರೆದ ರಾಗಗಳನ್ನೆಲ್ಲ ಲೀನರು ಒಲ್ಲೆ ಒಲ್ಲೆ ಎಂದು ತಳ್ಳಿ, ಕೊನೆಗೆ, ರಷ್ಯವನ್ನು ಮರೆತು ಬೆಟ್ಟದ ಕಡೆ ಹೋಗಿ ತನ್ನ ಒಲವಿನವಳನ್ನು ನೆನೆದು ಬರೆ ಎಂದರಂತೆ. ಹಾಗೆ ಹೋಗಿ ಬಂದು ಬರೆದ ರಾಗವೇ ಪ್ರಪಂಚದ ಬಾಯಲ್ಲೆಲ್ಲ ಆಡಿತು. ಅದನ್ನು ನುಡಿಸಲು ಬಾಲಲೈಕ ಎಂಬ ರಷ್ಯದ ತಂತಿವಾದ್ಯ ಬೇಕಾಯಿತು. ಲಾಸ್ ಏಂಜಲಿಸ್ ಪಟ್ಟಣದ ರಷ್ಯನ್ ದೇವಾಲಯವೊಂದರಲ್ಲಿ ನುಡಿಸುವವರು ದೊರೆತರು. ಆದರೆ ಅವರಿಗೆ ಸ್ವರಲಿಪಿಯನ್ನು ಓದಲು ಬರುತ್ತಿರಲಿಲ್ಲ. ಜಾರ್ ಅವರು ಬಾಯಿಪಾಠ ಹೇಳಿಕೊಟ್ಟು ನುಡಿಸಿದರು. ಗುರುಮುಖದಿಂದ ಕೇಳಿ ಕಲಿಯುವ ನಮ್ಮ ಪದ್ಧತಿಯನ್ನು ಹಳೆಯದೆಂದು ಹಳಿಯುವವರು ಇದನ್ನು ಗಮನಿಸಬೇಕು. ಈ ಚಿತ್ರಕ್ಕೂ ಆಸ್ಕರ್ ಬಂದಿತು.

ಇನ್ನು ಮೂರನೆಯದು ನಮ್ಮದು. ಆ ರಾತ್ರಿ ಹುಡುಗನ ಕಿರುಕೋಣೆಯಲ್ಲಿ ಅವನ ಗಣಕಯಂತ್ರದ ತೆರೆಯ ಮೇಲೆ ಆ ಚಿತ್ರವನ್ನು ನೋಡಿದೆವು. ಫಾರ್ಸ್ಟರ್ ಎಂಬ ಇಂಗ್ಲಿಷ್ ಗ್ರಂಥಕರ್ತರು 1924ರಲ್ಲಿ ಪ್ರಕಟಿಸಿದ ಹಿಂದೂದೇಶದ ಕಾದಂಬರಿಯನ್ನು ಲೀನರು 1984ರಲ್ಲಿ ಚಿತ್ರವಾಗಿ ಹೊರತಂದರು. ಕಥೆಯ ಊರು ಬಿಹಾರದ ಕಡೆಯದು; ಚಿತ್ರವನ್ನು ಬಹುಮಟ್ಟಿಗೆ ತೆಗೆದುದು ಬೆಂಗಳೂರಿನಲ್ಲಿ. ಕಥೆಯ ಹೃದಯವಾದ ಗುಹೆಗಳ ಬೆಟ್ಟಕ್ಕೆ ಅವರು ಆರಿಸಿಕೊಂಡುದು ಸಾವನದುರ್ಗವನ್ನೂ ರಾಮನಗರದ ರಾಮದೇವರ ಬೆಟ್ಟವನ್ನೂ. ಬೇಕಾದ ಗುಹೆಗಳು ಅಲ್ಲಿಲ್ಲದಿರಲು ಬಂಡೆಯಲ್ಲಿ ಗುಹೆಯ ಬಾಯಿಗಳನ್ನು ಕೃತಕವಾಗಿ ಮಾಡಿದರು.

ಆಗ ನಮಗೆ ಹತ್ತೊಂಬತ್ತು ವರ್ಷ. ಬೆಂಗಳೂರಿನಲ್ಲಿ ಸಂಸ್ಕೃತ ಓದುತ್ತಿದ್ದೆವು. ರಜಕ್ಕೆ ಊರಿಗೆ ಬಂದಾಗ ಹಳ್ಳಿಗೆ ಹಳ್ಳಿಯೇ ಚಿತ್ರ ತೆಗೆಯುವುದನ್ನು ನೋಡಲು ಓಡುತ್ತಿತ್ತು. ಬಣ್ಣ ಬಳಿದ ಆನೆ, ಬಿಳಿಯ ಕೊಡೆ ಹಿಡಿದ ದೊರೆಸಾನಿಯರು, ಬಂಡೆಯ ಮೇಲೆ ತಂತಿಗಳು. ನಾವು ಅರ್ಧ ದಿನ ದೂರದಲ್ಲಿ ನಿಂತು ನೋಡಿ, ಇದು ಹುಚ್ಚರ ಸಂತೆ ಎಂದು ನಿರ್ಧರಿಸಿ, ಮನೆಗೆ ಹೋಗಿ ಕೌಮುದಿಯನ್ನು ತೆರೆದೆವು. ಚಿತ್ರವನ್ನು ನೋಡುವ ಗೊಡವೆಗೇ ಹೋಗಲಿಲ್ಲ. ಅದು ಹೀಗೆ ನಲವತ್ತು ವರ್ಷಗಳ ಮೇಲೆ ಲಿಯೋನಿನಲ್ಲಿ ನಮ್ಮನ್ನು ಹಿಡಿಯಿತು.

ತೆರೆಯ ಮೇಲೆ ನಮ್ಮ ಬೆಟ್ಟ ಎದ್ದಿತು. ಅದೇ ನುಣುಪಾದ ಒಂಟಿ ಬಂಡೆ, ಮಳೆಯ ನೀರು ಹರಿದು ಮೂಡಿದ ಅದೇ ಕಪ್ಪು ಪಟ್ಟೆಗಳು. ಅದರ ಬುಡದಲ್ಲಿ ನರಸಿಂಹಸ್ವಾಮಿಯ ಗುಡಿ, ಮಾಗಡಿಯ ದಾರಿ, ನಮ್ಮ ತಂದೆಯವರು ಕೊನೆಯ ಬಾರಿ ಜಾತ್ರೆಗೆ ನಡೆದು ಬಂದ ಕಾಲುಹಾದಿ ಇವೆಲ್ಲ ಇವೆಯೆಂದು ಈ ಚಿತ್ರವನ್ನು ನೋಡಿದ ಲೋಕಕ್ಕೆ ಗೊತ್ತಿಲ್ಲ. ನಮಗೆ ಗೊತ್ತು. "ಅಪ್ಪ, ಈಗ ಕೇಳಿ" ಎಂದನು ಹುಡುಗ. ಜಾರ್ ಅವರು ಇಲ್ಲಿ ನಮ್ಮ ರಾಗಗಳನ್ನು ಅನುಕರಿಸುವ ಚಪಲಕ್ಕೆ ಹೋಗಿಲ್ಲ. ಮುಖ್ಯ ರಾಗವು 1920ರ ಕಾಲದ ಇಂಗ್ಲಿಷರ ಕುಣಿತದ ನಡೆಯದು. ಏಕೆಂದರೆ ಕಥೆಯಲ್ಲಿ ಈ ದೇಶವನ್ನು ನೋಡುತ್ತಿರುವ ಕಣ್ಣು ಹೊಸದಾಗಿ ಬಂದ ಇಂಗ್ಲಿಷ್ ಹೆಂಗಸರದು. ಎಷ್ಟೋ ಹೊತ್ತು ಸಂಗೀತವೇ ಇಲ್ಲ. ಮಾತೂ ಗಾಳಿಯೂ ಗುಹೆಯ ಮಾರ್ದನಿಯೂ ಮಾತ್ರ. ಎಲ್ಲಿ ಬಾರಿಸಬಾರದೆಂಬುದನ್ನು ತಿಳಿದವನೇ ತಾಳಜ್ಞ. ನಮ್ಮ ಆಲಂಕಾರಿಕರು ಹೇಳಿದ ಅರ್ಥಕ್ಕೂ ಹೇಳದೆ ಹೊಳೆಯುವ ಅರ್ಥಕ್ಕೂ ಭೇದ ಮಾಡಿ, ಎರಡನೆಯದಕ್ಕೆ ಧ್ವನಿ ಎಂದು ಹೆಸರಿಟ್ಟರು. ಅದನ್ನು ನಾವು ಮೂವತ್ತೈದು ವರ್ಷ ಪಾಠ ಹೇಳಿದ್ದೇವೆ. ಆ ರಾತ್ರಿ ಅದು ಕಿವಿಯಲ್ಲಿ ಕೇಳಿಸಿತು.

ಈ ಚಿತ್ರಕ್ಕೆ 1985ರ ಮಾರ್ಚ್ ತಿಂಗಳಲ್ಲಿ ಎರಡು ಆಸ್ಕರುಗಳು ಬಂದವು: ವೃದ್ಧ ದೊರೆಸಾನಿಯಾಗಿ ನಟಿಸಿದ ಪೆಗ್ಗಿ ಆಶ್‌ಕ್ರಾಫ್ಟ್ ಅವರಿಗೊಂದು, ಜಾರ್ ಅವರಿಗೊಂದು. ಆ ಸಾಲಿನಲ್ಲಿ ಮೋಟ್ಸಾರ್ಟ್ ಎಂಬ ಹಳೆಯ ಮಹಾಸಂಗೀತಗಾರನ ಕಥೆಯ ಚಿತ್ರವೂ ಇದ್ದಿತು. ಮೋಟ್ಸಾರ್ಟನು ಸ್ಪರ್ಧೆಗೆ ನಿಲ್ಲುವಂತಿಲ್ಲದಿದ್ದುದು ತನ್ನ ಅದೃಷ್ಟವೆಂದು ಜಾರ್ ವೇದಿಕೆಯ ಮೇಲೆ ವಿನೋದ ಮಾಡಿದರಂತೆ. ಮೂರು ಆಸ್ಕರುಗಳೂ ಲೀನರ ಚಿತ್ರಗಳಿಂದಲೇ ಬಂದವು. ಒಟ್ಟು ನೂರೈವತ್ತಕ್ಕೂ ಮೇಲ್ಪಟ್ಟು ಚಿತ್ರಗಳಿಗೆ ಸಂಗೀತ ಬರೆದು, 2009ನೆಯ ಫೆಬ್ರವರಿಯಲ್ಲಿ ಬರ್ಲಿನ್ ಚಿತ್ರೋತ್ಸವದ ಗೌರವವನ್ನು ಪಡೆದು, ಮುಂದಿನ ತಿಂಗಳು 28ರಂದು ಕ್ಯಾಲಿಫೋರ್ನಿಯದಲ್ಲಿ ತೀರಿಕೊಂಡರು. ಆಗ ಅವರಿಗೆ 84 ವರ್ಷ.

ಇಷ್ಟು ಕೇಳಿದಮೇಲೆ ನಾವು ಉಪಾಧ್ಯಾಯರ ಧಾಟಿಯಲ್ಲಿ, "ಕೀರ್ತಿಯ ಕಥೆ ಆಯಿತು. ಮನೆಯ ಕಥೆ ಏನು?" ಎಂದು ಕೇಳಿದೆವು. ಹುಡುಗನು ಮುಚ್ಚಿಡಲಿಲ್ಲ. ಮನೆಯ ಕಥೆ ಅಷ್ಟು ಸುಖದ್ದಲ್ಲ. 1948ರಲ್ಲಿ ಲಿಯೋನಿನಲ್ಲಿ ಜಾರ್ ಅವರಿಗೆ ಝಾಂ-ಮಿಶೆಲ್ ಎಂಬ ಮಗ ಹುಟ್ಟಿದನು. ಮಗುವಿಗೆ ಐದು ವರ್ಷವಾದಾಗ ತಂದೆತಾಯಿಗಳು ಅಗಲಿದರು. ತಂದೆ ಮುಂದೆ ಅಮೆರಿಕಕ್ಕೆ ಹೋದರು. ಮಗನನ್ನು ತಾಯಿ ಬೆಳೆಸಿದಳು. ತಂದೆಗೂ ಮಗನಿಗೂ ಬಹುಕಾಲ ಒಡನಾಟವಿರಲಿಲ್ಲ. ಆ ಹುಡುಗನಿಗೆ ಧ್ವನಿಮುದ್ರಣದ ಯಂತ್ರವನ್ನು ಕೊಟ್ಟವನು ಅಜ್ಜ. ಮಗನು ಸಂಗೀತಕ್ಕೆ ಹೋಗುವುದನ್ನು ಒಪ್ಪದಿದ್ದ ಆ ಆಂದ್ರೆ ಜಾರ್ ಅವರೇ! ಮೊಮ್ಮಗನು ವಿದ್ಯುತ್ ಸಂಗೀತದಲ್ಲಿ ತಂದೆಯಷ್ಟೇ ಹೆಸರು ಪಡೆದನು. 1986ರಲ್ಲಿ ಹುಟ್ಟೂರಾದ ಲಿಯೋನಿನಲ್ಲಿ, ಪೋಪರು ಅಲ್ಲಿಗೆ ಬಂದ ಸಂದರ್ಭದಲ್ಲಿ, ಫೂರ್ವಿಯೇರ್ ಗುಡ್ಡವನ್ನೇ ಹಿನ್ನೆಲೆಯಾಗಿಸಿ ಕಛೇರಿ ನಡೆಸಿದನು. ನಮಗೆ ಆ ಅಜ್ಜನದೇ ಯೋಚನೆಯಾಯಿತು. ಮಗನಿಗೆ ಬೇಡವೆಂದ ಕೈ ಮೊಮ್ಮಗನಿಗೆ ಕೊಟ್ಟಿತು. ಆ ನಡುವಣ ವರ್ಷಗಳಲ್ಲಿ ಆತನು ಏನನ್ನು ಯೋಚಿಸಿರಬಹುದು?

ಹೊರಡುವುದಕ್ಕೆ ನಾಲ್ಕು ದಿನ ಮುಂಚೆ ರೋನ್ ನದಿಯ ಜೊತೆಯಲ್ಲಿಯೇ ರೈಲಿನಲ್ಲಿ ತೆಂಕಣಕ್ಕೆ ಇಳಿದು ಅವಿನ್ಯೋನ್ ಪಟ್ಟಣಕ್ಕೆ ಹೋದೆವು. ಹದಿನಾಲ್ಕನೆಯ ಶತಮಾನದಲ್ಲಿ ಪೋಪರು ರೋಮನ್ನು ಬಿಟ್ಟು ಬಂದು ಇಲ್ಲಿ ನೆಲೆಸಿದ್ದರು. ಅವರು ಕಟ್ಟಿದ ಅರಮನೆ ಕೋಟೆಯಂತಿದೆ. 1947ರಲ್ಲಿ ವಿಲಾರ್ ಅವರು ಈ ಅರಮನೆಯ ಅಂಗಳದಲ್ಲಿ ನಾಟಕೋತ್ಸವವನ್ನು ಪ್ರಾರಂಭಿಸಿದರು. ಇಂದಿಗೂ ಜುಲೈ ತಿಂಗಳಲ್ಲಿ ನಡೆಯುತ್ತದೆ. ರಾತ್ರಿ ಹತ್ತರ ಸುಮಾರಿಗೆ ಸುಮಾರು ಎರಡು ಸಾವಿರ ಜನರ ನಡುವೆ ಕುಳಿತಿದ್ದೆವು. ಹಗಲಿನ ಕಾವು ಕಲ್ಲುಗೋಡೆಗಳಿಂದ ಇನ್ನೂ ಏಳುತ್ತಿತ್ತು. ಒಮ್ಮೆಗೇ ಕಹಳೆಗಳು ಮೊಳಗಿದವು. ಮಾತೆಲ್ಲ ಅಡಗಿತು. ಅದು ವಿಲಾರ್ ಅವರ ನಾಟಕಗಳಿಗಾಗಿ ಯುವಕನಾಗಿದ್ದ ಜಾರ್ ಬರೆದ ಕಹಳೆಯ ನಾದ. ಬರೆದು ಎಪ್ಪತ್ತು ವರ್ಷಗಳ ಮೇಲಾದರೂ ನಾಟಕವನ್ನು ಸಾರುವುದು ಅದೇ.

ನಾಟ್ಯಶಾಸ್ತ್ರದಲ್ಲಿ ಪೂರ್ವರಂಗವೆಂಬ ವಿಧಿಯಿದೆ: ನಾಟಕಕ್ಕೆ ಮುಂಚೆ ವಾದ್ಯಗಳನ್ನು ಅಣಿಮಾಡಿ ನುಡಿಸಿ ರಂಗವನ್ನು ಎಬ್ಬಿಸುವುದು. ಪ್ರತ್ಯಾಹಾರ, ಅವತರಣ, ಆರಂಭ ಎಂದು ಅದರ ಅಂಗಗಳನ್ನು ವಿದ್ಯಾರ್ಥಿಗಳಿಗೆ ಬರೆಯಿಸಿದ್ದೇವೆ, ತಪ್ಪು ಬರೆದವರ ಕಿವಿ ಹಿಂಡಿದ್ದೇವೆ. ಅದರ ರೋಮಾಂಚವೇನೆಂಬುದು ನಮಗೆ ತಿಳಿದುದು ಅವಿನ್ಯೋನಿನಲ್ಲಿ. ನಾಟಕವು ಫ್ರೆಂಚಿನದು, ಒಂದು ಮಾತೂ ಅರ್ಥವಾಗಲಿಲ್ಲ. ಪಕ್ಕದಲ್ಲಿ ಹುಡುಗನ ಬೆರಳುಗಳು ಮೊಣಕಾಲಿನ ಮೇಲೆ ತಮ್ಮಷ್ಟಕ್ಕೆ ತಾವೇ ಆಡುತ್ತಿದ್ದವು. ಚಿಕ್ಕಂದಿನಲ್ಲಿ ಊಟದ ಮಣೆಯ ಮೇಲೆ ಹಾಗೆ ಆಡಿದರೆ ನಾವು ಗದರುತ್ತಿದ್ದೆವು.

ಕೊನೆಯ ಸಂಜೆ ಲಿಯೋನಿನ ಸಂಗಮಕ್ಕೆ ಹೋಗಿ ಕುಳಿತೆವು. ಎರಡು ನೀರುಗಳು ಕೂಡಿದ ಕೂಡಲೇ ಬೆರೆಯುವುದಿಲ್ಲ. ಸ್ವಲ್ಪ ದೂರ ಒಂದರ ಬಣ್ಣ ಒಂದು ಕಡೆ, ಇನ್ನೊಂದರದು ಇನ್ನೊಂದು ಕಡೆ ಹರಿಯುತ್ತವೆ. ನಾವು ಮಾತು ತೆಗೆದೆವು. "ಎಲ್ಲರೂ ಜಾರ್ ಆಗುವುದಿಲ್ಲ" ಎಂದೆವು.

"ಗೊತ್ತು ಅಪ್ಪ. ನಾನು ಜಾರ್ ಆಗುತ್ತೇನೆಂದು ಬರೆಯಲಿಲ್ಲ. ಒಳ್ಳೆಯ ಚಿತ್ರದಲ್ಲಿ ಮಳೆಯ ಸದ್ದನ್ನು ಸರಿಯಾಗಿ ಕೂರಿಸುವವನಾದರೂ ಸಾಕು."

"ಮನೆಯ ಪತ್ರ ಅವರ ಕೈಯಲ್ಲಿದೆ."

"ಅದನ್ನು ನೆನೆದೇ ಕಾಗದ ಬರೆದು ಮೂರು ವಾರ ಇಟ್ಟುಕೊಂಡಿದ್ದೆ."

ಬಹಳ ಹೊತ್ತು ಸುಮ್ಮನಿದ್ದೆವು. ಮಳೆಯ ಸದ್ದು ಎಂಬ ಮಾತು ನಮ್ಮನ್ನು ಹಿಡಿದುಕೊಂಡಿತ್ತು. ಸರೋವರದ ತಾವರೆಯೆಲೆಗಳ ಮೇಲೆ ಬೀಳುವ ಮಳೆಹನಿಗಳ ಬೇರೆಬೇರೆ ದನಿಯನ್ನು ಕೇಳಿ ಸ್ವಾತಿಮುನಿಯು ಚರ್ಮವಾದ್ಯಗಳನ್ನು ಕಲ್ಪಿಸಿದನೆಂದು ಭರತನು ಹೇಳುತ್ತಾನೆ. ಇದನ್ನು ಹುಡುಗನಿಗೆ ಎಂದಾದರೂ ಹೇಳಿದ್ದೆವೇ? ಪರರ ಮಕ್ಕಳಿಗೆ ಹೇಳಿದ್ದೆವು. ಆಗ ಹೇಳಿದೆವು. ಅವನು ಕಣ್ಣರಳಿಸಿ ಕೇಳಿದನು. ಆಮೇಲೆ ನಾವು ಒಂದು ಮಾತು ಬೇಡಿದೆವು: ಉಳಿದ ಒಂದು ವರ್ಷದ ಓದನ್ನು ಮುಗಿಸು, ಉದ್ಯೋಗಮಾಡಿ ಸಾಲದ ಭಾರವನ್ನು ಇಳಿಸು, ಅದರ ಮೇಲೆ ನಿನ್ನ ದಾರಿಗೆ ನಾವು ಅಡ್ಡ ಬರುವುದಿಲ್ಲ, ಸಂತೋಷದಿಂದ ಕಳುಹಿಸಿಕೊಡುತ್ತೇವೆ. ಇದು ಮತ್ತೆ "ಪರೀಕ್ಷೆ ಮುಗಿಯಲಿ" ಎಂಬ ಹಳೆಯ ಮಾತೇ ಅಲ್ಲವೇ ಎಂದು ಅವನು ಕೇಳಬಹುದಾಗಿತ್ತು. ಕೇಳಲಿಲ್ಲ. ಆಗಲಿ ಎಂದು ತಲೆಯಾಡಿಸಿ, ನದಿಯ ಕಡೆ ನೋಡುತ್ತಾ, "ಅಪ್ಪ, ಮೃದಂಗವನ್ನು ಕಳುಹಿಸಿಕೊಡುವಿರಾ?" ಎಂದನು.

ಊರಿಗೆ ಬಂದ ಮಾರನೆಯ ದಿನವೇ ಅಟ್ಟವನ್ನು ಹತ್ತಿದೆವು. ಪಂಚೆ ಜೀರ್ಣವಾಗಿತ್ತು. ಬಲದ ಮುಚ್ಚಿಗೆ ಒಡೆದಿತ್ತು, ಕರಣೆ ಉದುರಿತ್ತು, ಬಾರನ್ನು ಇಲಿ ಕಡಿದಿತ್ತು. ಹಲಸಿನ ಮರದ ಕೊಳವೆ ಮಾತ್ರ ಗಟ್ಟಿಯಾಗಿತ್ತು. ಬೆಂಗಳೂರಿಗೆ ಒಯ್ದು ವಾದ್ಯ ರಿಪೇರಿ ಮಾಡುವವರ ಮುಂದೆ ಇಟ್ಟೆವು. ಆತನು ಬೆರಳಿನಿಂದ ಮರವನ್ನು ತಟ್ಟಿ ನೋಡಿ, "ಒಳ್ಳೆಯ ಮರ ಸ್ವಾಮಿ. ಇಷ್ಟು ದಿನ ಯಾಕೆ ಹೀಗೆ ಇಟ್ಟಿದ್ದಿರಿ?" ಎಂದು ಕೇಳಿದನು. ನಮ್ಮಲ್ಲಿ ಉತ್ತರವಿರಲಿಲ್ಲ. ಹತ್ತು ದಿನ ಕಳೆದು ಹೋದಾಗ ಹೊಸ ಮುಚ್ಚಿಗೆ ಬಿಗಿದು ಶ್ರುತಿ ಮಾಡುತ್ತಿದ್ದನು. ಹೊರಗೆ ಶ್ರಾವಣದ ಮಳೆ ಹಿಡಿದಿತ್ತು. ಮನೆಯವರೂ ಮಂಡಿನೋವನ್ನು ಲೆಕ್ಕಿಸದೆ ಜೊತೆಗೆ ಬಂದಿದ್ದರು. ನಾದವು ನಿಲ್ಲುವವರೆಗೆ ಇಬ್ಬರೂ ಬಾಗಿಲಲ್ಲಿ ನಿಂತಿದ್ದೆವು. ಬಳಿಕ ಹತ್ತಿ ಬಟ್ಟೆಯಲ್ಲಿ ಸುತ್ತಿ, ಪೆಟ್ಟಿಗೆಯಲ್ಲಿಟ್ಟು, ಲಿಯೋನಿನ ವಿಳಾಸವನ್ನು ನಮ್ಮ ಕೈಯಿಂದಲೇ ಬರೆದೆವು.